ಹಾಡದೆ ಉಳಿದ ಚರಣಗಳು: ರಾಷ್ಟ್ರಗೀತೆ, ಧ್ವಜ ಮತ್ತು ಲಾಂಛನಗಳು ರೂಪುಗೊಂಡ ಬಗೆ

1950ರ ಜನವರಿ 24ರಂದು ದೆಹಲಿಯಲ್ಲಿ ಸಂವಿಧಾನ ಸಭೆಯ ಕೊನೆಯ ಕಲಾಪ ನಡೆಯಿತು. ಸಂವಿಧಾನದ ಪ್ರತಿಗಳಿಗೆ ಸದಸ್ಯರು ಸಹಿ ಹಾಕಬೇಕಾಗಿದ್ದ ದಿನ ಅದು. ಅಂದು ಸಭೆಯ ಅಧ್ಯಕ್ಷರಾದ ಡಾ. ರಾಜೇಂದ್ರ ಪ್ರಸಾದರು ಒಂದು ಕಿರು ಹೇಳಿಕೆಯನ್ನು ಓದಿದರು. ಅದರ ಪ್ರಕಾರ 'ಜನ ಗಣ ಮನ' ಭಾರತದ ರಾಷ್ಟ್ರಗೀತೆಯಾಯಿತು. ಸ್ವಾತಂತ್ರ್ಯ ಹೋರಾಟದಲ್ಲಿ ಐತಿಹಾಸಿಕ ಪಾತ್ರ ವಹಿಸಿದ್ದ 'ವಂದೇ ಮಾತರಂ' ಗೀತೆಗೆ ಅದರೊಡನೆ ಸಮಾನ ಗೌರವ ದೊರೆಯಿತು. ಈ ವಿಷಯವನ್ನು ನಿರ್ಣಯವಾಗಿ ಮಂಡಿಸುವ ಆಲೋಚನೆ ಮೊದಲು ಇತ್ತಾದರೂ ಹೇಳಿಕೆಯೇ ಸೂಕ್ತವೆಂದು ಬಳಿಕ ತೋರಿತು. ಆದ್ದರಿಂದ ಚರ್ಚೆ ನಡೆಯಲಿಲ್ಲ, ಮತಗಳ ಎಣಿಕೆಯೂ ಆಗಲಿಲ್ಲ. ಸದಸ್ಯರು ಚಪ್ಪಾಳೆ ತಟ್ಟಿದರು. ಕೊನೆಯಲ್ಲಿ ಎರಡೂ ಗೀತೆಗಳನ್ನು ಹಾಡಲಾಯಿತು.

ಸಂವಿಧಾನದ ಒಂದೊಂದು ವಿಧಿಯನ್ನೂ ಪದಪದವಾಗಿ ಚರ್ಚಿಸಿದ ಸಭೆ ರಾಷ್ಟ್ರಗೀತೆಯ ವಿಷಯದಲ್ಲಿ ಮಾತ್ರ ಮತಕ್ಕೆ ಹಾಕದೆ ಮುಂದೆ ಸಾಗಿತು. ಇದನ್ನು ಆತುರವೆಂದು ಭಾವಿಸುವುದು ಸರಿಯಾಗಲಾರದು. ಆ ವೇಳೆಗೆ ಈ ಎರಡು ಗೀತೆಗಳ ಸುತ್ತ ಸುಮಾರು ಅರ್ಧ ಶತಮಾನದ ವಾಗ್ವಾದ ನಡೆದಿತ್ತು. ಎಣಿಕೆಗೆ ಇಳಿದರೆ ಗೆದ್ದವರ ಗೀತೆಯೊಂದು, ಸೋತವರ ಗೀತೆಯೊಂದು ಎಂದಾಗುವ ಸಂಭವವಿತ್ತು. ಭಾರತದ ರಾಷ್ಟ್ರೀಯ ಸಂಕೇತಗಳ ಇತಿಹಾಸವನ್ನು ಸಾಮಾನ್ಯವಾಗಿ ಯಾರು ಬರೆದರು, ಯಾರು ಹಾಡಿದರು, ಯಾರು ಹಾರಿಸಿದರು ಎಂಬ ಕ್ರಮದಲ್ಲಿ ಹೇಳುವುದು ವಾಡಿಕೆ. ಪ್ರತಿಯೊಂದು ಸಂಕೇತವನ್ನೂ ಸ್ವೀಕರಿಸುವಾಗ ಏನನ್ನು ಬಿಡಲಾಯಿತು ಎಂಬ ಪ್ರಶ್ನೆಯನ್ನು ಮುಂದಿಟ್ಟುಕೊಂಡರೆ ಅದೇ ಇತಿಹಾಸದ ಮತ್ತೊಂದು ಮುಖ ಗೋಚರಿಸುತ್ತದೆ.

ಬಂಗಾಳದ ತಾಯಿ, ಭಾರತದ ತಾಯಿ

'ವಂದೇ ಮಾತರಂ' ಬಂಕಿಮಚಂದ್ರ ಚಟ್ಟೋಪಾಧ್ಯಾಯರು 1870ರ ದಶಕದಲ್ಲಿ ರಚಿಸಿದ ಗೀತೆ. 1882ರಲ್ಲಿ ಪುಸ್ತಕರೂಪದಲ್ಲಿ ಪ್ರಕಟವಾದ 'ಆನಂದಮಠ' ಕಾದಂಬರಿಯೊಳಗೆ ಅದು ಸೇರಿತು. ಕ್ಷಾಮಪೀಡಿತ ಬಂಗಾಳದಲ್ಲಿ ನಡೆದ ಸಂನ್ಯಾಸಿಗಳ ಬಂಡಾಯ ಆ ಕಾದಂಬರಿಯ ಹಿನ್ನೆಲೆ. ಗೀತೆಯ ಮೊದಲ ಎರಡು ಚರಣಗಳು ನೀರು, ಫಲ, ತಂಗಾಳಿ, ಬೆಳದಿಂಗಳುಗಳಿಂದ ತುಂಬಿದ ನೆಲವನ್ನು ವರ್ಣಿಸುತ್ತವೆ. ಮುಂದಿನ ಚರಣಗಳಲ್ಲಿ ಆ ನೆಲವೇ ದೇವಿಯಾಗಿ, ದುರ್ಗೆಯಾಗಿ ಮೂರ್ತಿಗೊಳ್ಳುತ್ತದೆ. ಅಲ್ಲಿ ತಾಯಿಯ ಮಕ್ಕಳ ಸಂಖ್ಯೆಯನ್ನು ಏಳು ಕೋಟಿ ಎಂದು ಹೇಳಿದೆ. ಅದು ಅಂದಿನ ಬಂಗಾಳ ಪ್ರಾಂತ್ಯದ ಜನಸಂಖ್ಯೆಗೆ ಹೊಂದುವ ಲೆಕ್ಕ. ಕವಿಯ ಕಣ್ಣ ಮುಂದೆ ಇದ್ದ ತಾಯಿ ಬಂಗಮಾತೆ.

1896ರ ಕಲ್ಕತ್ತೆಯ ಕಾಂಗ್ರೆಸ್ ಅಧಿವೇಶನದಲ್ಲಿ ರವೀಂದ್ರನಾಥ ಠಾಕೂರರು ಇದನ್ನು ಹಾಡಿದರು. 1905ರಲ್ಲಿ ಬಂಗಾಳದ ವಿಭಜನೆಯಾದಾಗ ಗೀತೆಯ ಮೊದಲೆರಡು ಪದಗಳು ಬೀದಿಯ ಘೋಷಣೆಯಾದವು. 1906ರಲ್ಲಿ ಬಾರಿಸಾಲದ ಪ್ರಾಂತೀಯ ಸಮ್ಮೇಳನದಲ್ಲಿ ಆ ಘೋಷಣೆ ಕೂಗಿದವರ ಮೇಲೆ ಪೊಲೀಸರು ಲಾಠಿ ಬೀಸಿದರು. ನಿಷೇಧವು ಗೀತೆಯನ್ನು ಬಂಗಾಳದಾಚೆಗೆ ಹರಡಿತು. ಹೀಗೆ ಹರಡುವಾಗ ಪಾಠದಲ್ಲಿಯೂ ಒಂದು ಮಾರ್ಪಾಟು ನಡೆಯಿತು. 1905ರ ಬನಾರಸ್ ಕಾಂಗ್ರೆಸ್ಸಿನಲ್ಲಿ ಸರಳಾದೇವಿ ಚೌಧುರಾಣಿಯವರು ಏಳು ಕೋಟಿಯ ಸ್ಥಾನದಲ್ಲಿ ಮೂವತ್ತು ಕೋಟಿ ಎಂದು ಹಾಡಿದರು. ಒಂದು ಸಂಖ್ಯಾವಾಚಕದ ಬದಲಾವಣೆಯಿಂದ ಬಂಗಾಳದ ತಾಯಿ ಭಾರತದ ತಾಯಿಯಾದಳು. ಗೀತೆಯು ಜನರದಾಗಬೇಕಾದರೆ ಕವಿಯ ಪಾಠ ಸ್ವಲ್ಪ ಬಾಗಬೇಕಾಗುತ್ತದೆ ಎಂಬುದಕ್ಕೆ ಇದು ಮೊದಲ ನಿದರ್ಶನ.

ಎರಡನೆಯ ಮಾರ್ಪಾಟು ಹೆಚ್ಚು ನೋವಿನದು. 1937ರಲ್ಲಿ ಹಲವು ಪ್ರಾಂತ್ಯಗಳಲ್ಲಿ ಕಾಂಗ್ರೆಸ್ ಸರ್ಕಾರಗಳು ರಚನೆಯಾದವು. ಶಾಸನಸಭೆಗಳಲ್ಲಿ ಗೀತೆ ಮೊಳಗತೊಡಗಿದಾಗ ಮುಸ್ಲಿಂ ಲೀಗ್ ಆಕ್ಷೇಪವೆತ್ತಿತು. ದೇಶವನ್ನು ದೇವತೆಯಾಗಿ ವಂದಿಸುವುದು ಏಕದೇವೋಪಾಸಕರಿಗೆ ಅಸಾಧ್ಯ ಎಂಬುದು ಒಂದು ವಾದ. ಕಾದಂಬರಿಯ ಸಂದರ್ಭದಲ್ಲಿ ಮುಸ್ಲಿಂ ಆಳ್ವಿಕೆಯ ವಿರುದ್ಧದ ಧ್ವನಿ ಇದೆ ಎಂಬುದು ಇನ್ನೊಂದು. ಈ ಗೀತೆಯನ್ನು ನಾಲ್ಕು ದಶಕಗಳ ಹಿಂದೆ ತಾವೇ ಹಾಡಿದ್ದ ಠಾಕೂರರ ಅಭಿಪ್ರಾಯವನ್ನು ಕೇಳಲಾಯಿತು. ಮೊದಲ ಭಾಗವನ್ನು ಉಳಿದ ಭಾಗದಿಂದಲೂ ಕಾದಂಬರಿಯಿಂದಲೂ ಬೇರ್ಪಡಿಸಿ ಸ್ವೀಕರಿಸಬಹುದೆಂಬುದು ಅವರ ನಿಲುವಾಗಿತ್ತು. 1937ರ ಅಕ್ಟೋಬರ್ ಕೊನೆಯಲ್ಲಿ ಕಲ್ಕತ್ತೆಯಲ್ಲಿ ಸೇರಿದ ಕಾಂಗ್ರೆಸ್ ಕಾರ್ಯಕಾರಿ ಸಮಿತಿಯು ರಾಷ್ಟ್ರೀಯ ಸಭೆಗಳಲ್ಲಿ ಮೊದಲ ಎರಡು ಚರಣಗಳನ್ನು ಮಾತ್ರ ಹಾಡಬೇಕೆಂದು ತೀರ್ಮಾನಿಸಿತು. ಆಕ್ಷೇಪಕ್ಕೆ ಆಸ್ಪದವಿಲ್ಲದ ಬೇರೆ ಗೀತೆಯನ್ನು ಹಾಡುವ ಸ್ವಾತಂತ್ರ್ಯವನ್ನೂ ಸಂಘಟಕರಿಗೆ ನೀಡಿತು.

ಈ ತೀರ್ಮಾನ ಯಾರನ್ನೂ ಪೂರ್ಣವಾಗಿ ತೃಪ್ತಿಪಡಿಸಲಿಲ್ಲ. ಲೀಗಿಗೆ ಎರಡು ಚರಣಗಳೂ ಹೆಚ್ಚೆನಿಸಿದವು. ಆ ಘೋಷಣೆಯೊಡನೆ ಸೆರೆಮನೆಗೂ ಗಲ್ಲಿಗೂ ನಡೆದವರನ್ನು ಕಂಡಿದ್ದ ಬಂಗಾಳದ ಅನೇಕರಿಗೆ ಗೀತೆಯ ಅಂಗಚ್ಛೇದವಾದಂತೆ ತೋರಿತು. ಅವರ ಸಂಕಟವನ್ನು ಲಘುವಾಗಿ ಕಾಣಲಾಗದು. 2025ರಲ್ಲಿ ಗೀತೆಯ ನೂರೈವತ್ತನೆಯ ವರ್ಷದ ನಿಮಿತ್ತ ಸಂಸತ್ತಿನಲ್ಲಿ ನಡೆದ ಚರ್ಚೆಯ ಮುಖ್ಯ ವಿಷಯ ಬಿಟ್ಟ ಚರಣಗಳೇ ಆಗಿದ್ದವು. ಎಂಬತ್ತೆಂಟು ವರ್ಷಗಳ ಬಳಿಕವೂ ಒಂದು ಸಮಿತಿಯ ತೀರ್ಮಾನ ವಿವಾದದ ವಸ್ತುವಾಗಿದೆಯೆಂದರೆ ಬಿಡುವ ಕ್ರಿಯೆಗೆ ಎಷ್ಟು ಬೆಲೆ ತೆರಬೇಕಾಯಿತೆಂಬುದು ತಿಳಿಯುತ್ತದೆ.

ಐದು ಚರಣಗಳಲ್ಲಿ ಒಂದು

'ಜನ ಗಣ ಮನ' ಗೀತೆಯನ್ನು ಮೊದಲ ಬಾರಿಗೆ ಹಾಡಿದ್ದು 1911ರ ಡಿಸೆಂಬರ್ 27ರಂದು, ಕಲ್ಕತ್ತೆಯ ಕಾಂಗ್ರೆಸ್ ಅಧಿವೇಶನದಲ್ಲಿ. ಅದೇ ತಿಂಗಳು ಐದನೆಯ ಜಾರ್ಜ್ ದೊರೆಯ ದರ್ಬಾರು ದೆಹಲಿಯಲ್ಲಿ ನಡೆದಿತ್ತು. ಅಧಿವೇಶನದಲ್ಲಿ ದೊರೆಗೆ ಸ್ವಾಗತ ಕೋರುವ ಕಲಾಪವೂ ಇತ್ತು. ಕೆಲವು ಆಂಗ್ಲ ಪತ್ರಿಕೆಗಳು ಎರಡನ್ನೂ ಬೆರೆಸಿ ವರದಿ ಮಾಡಿದವು. ಗೀತೆಯ ಭಾಗ್ಯವಿಧಾತನೆಂದರೆ ಇಂಗ್ಲೆಂಡಿನ ದೊರೆ ಎಂಬ ಅಪವಾದಕ್ಕೆ ಮೂಲ ಇದು. ಯುಗಯುಗಗಳಿಂದ ಮಾನವರಥವನ್ನು ನಡೆಸುವ ಸಾರಥಿಯ ಮಾತು ಗೀತೆಯ ಮುಂದಿನ ಚರಣದಲ್ಲಿ ಬರುತ್ತದೆ. ಅಂತಹ ಸಾರಥಿ ಯಾವ ಜಾರ್ಜ್ ದೊರೆಯೂ ಆಗಿರಲಾರನೆಂದು ಠಾಕೂರರು 1937ರ ಪತ್ರವೊಂದರಲ್ಲಿ ಸ್ಪಷ್ಟಪಡಿಸಿದರು. ಅಪವಾದವನ್ನು ನಿವಾರಿಸುವ ಆಂತರಿಕ ಸಾಕ್ಷ್ಯ ರಾಷ್ಟ್ರಗೀತೆಯಾಗಿ ಹಾಡದ ಚರಣದಲ್ಲಿ ಇದೆಯೆಂಬುದು ಗಮನಾರ್ಹ.

ಐದು ಚರಣಗಳ ಈ ಗೀತೆಯ ಮೊದಲ ಚರಣ ಮಾತ್ರ ರಾಷ್ಟ್ರಗೀತೆ. ಅದರ ಪೂರ್ಣ ಗಾಯನಕ್ಕೆ ಹಿಡಿಯುವ ಕಾಲ ಸುಮಾರು 52 ಸೆಕೆಂಡು. ಮೊದಲ ಚರಣ ಪ್ರದೇಶಗಳನ್ನೂ ಗಿರಿನದಿಗಳನ್ನೂ ಹೆಸರಿಸುತ್ತದೆ. ಎರಡನೆಯ ಚರಣ ಹೆಸರಿಸುವುದು ಜನರನ್ನು: ಹಿಂದೂ, ಬೌದ್ಧ, ಸಿಖ್, ಜೈನ, ಪಾರಸಿಕ, ಮುಸಲ್ಮಾನ, ಕ್ರೈಸ್ತ ಎಂಬ ಏಳು ಸಮುದಾಯಗಳು ಒಂದೇ ಸಿಂಹಾಸನದ ಬಳಿ ಬಂದು ಸೇರುವ ಚಿತ್ರ ಅಲ್ಲಿದೆ. ಭಾರತದ ಬಹುತ್ವವನ್ನು ಇಷ್ಟು ನೇರವಾಗಿ ಹೇಳುವ ಚರಣವೇ ಅಧಿಕೃತ ಗಾಯನದ ಹೊರಗೆ ಉಳಿಯಿತು. ಕಾರಣ ಸೈದ್ಧಾಂತಿಕವಲ್ಲ. ಗೀತೆ ಚಿಕ್ಕದಿರಬೇಕು, ವಾದ್ಯವೃಂದಕ್ಕೆ ಒಗ್ಗಬೇಕು ಎಂಬ ವ್ಯಾವಹಾರಿಕ ಅಗತ್ಯವೇ ಅದಕ್ಕೆ ಮೂಲ.

ವ್ಯಾವಹಾರಿಕ ಅಗತ್ಯಗಳು ಈ ಗೀತೆಯ ಆಯ್ಕೆಯಲ್ಲಿ ಬಹಳ ಕೆಲಸ ಮಾಡಿವೆ. 1942ರಲ್ಲಿ ಜರ್ಮನಿಯ ಹ್ಯಾಂಬರ್ಗ್ ನಗರದಲ್ಲಿ ಸುಭಾಷಚಂದ್ರ ಬೋಸರ ಸಮ್ಮುಖದಲ್ಲಿ ವಾದ್ಯವೃಂದವು ಇದನ್ನು ಭಾರತದ ರಾಷ್ಟ್ರಗೀತೆಯಾಗಿ ನುಡಿಸಿತು. 1947ರಲ್ಲಿ ನ್ಯೂಯಾರ್ಕಿನ ವಿಶ್ವಸಂಸ್ಥೆಯ ಮಹಾಸಭೆಯ ಸಂದರ್ಭದಲ್ಲಿ ಭಾರತದ ನಿಯೋಗವನ್ನು ರಾಷ್ಟ್ರಗೀತೆ ಯಾವುದೆಂದು ಕೇಳಿದಾಗ ಅವರ ಬಳಿ ಇದ್ದದ್ದು ಈ ಗೀತೆಯ ಧ್ವನಿಮುದ್ರಿಕೆ. ಅದನ್ನು ವಾದ್ಯವೃಂದಕ್ಕೆ ಅಳವಡಿಸಿ ನುಡಿಸಲಾಯಿತು. ವಿದೇಶಿ ಪ್ರತಿನಿಧಿಗಳು ಮೆಚ್ಚಿದರು. 1948ರ ಆಗಸ್ಟ್ 25ರಂದು ಸಂವಿಧಾನ ಸಭೆಯಲ್ಲಿ ಮಾತನಾಡಿದ ಜವಾಹರಲಾಲ್ ನೆಹರೂ ಈ ಪ್ರಸಂಗವನ್ನು ವಿವರಿಸಿ, ರಾಷ್ಟ್ರಗೀತೆಯಲ್ಲಿ ಪದಗಳಿಗಿಂತ ರಾಗಸಂಯೋಜನೆಗೆ ಹೆಚ್ಚಿನ ಪ್ರಾಮುಖ್ಯವಿದೆ ಎಂಬ ವಾದವನ್ನು ಮುಂದಿಟ್ಟರು.

ಕವಿಯಿಂದ ಕವಿತೆ ಬೇರ್ಪಟ್ಟು ನಾಡಿನದಾಗುವ ಪ್ರಕ್ರಿಯೆಯ ಕೊನೆಯ ಮಜಲನ್ನು ಇಕ್ಬಾಲರ 'ಸಾರೇ ಜಹಾಂ ಸೇ ಅಚ್ಛಾ' ಗೀತೆಯಲ್ಲಿ ಕಾಣಬಹುದು. 1904ರಲ್ಲಿ ಹಿಂದೂಸ್ತಾನವನ್ನು ಕೊಂಡಾಡಿ ಬರೆದ ಕವಿ 1910ರಲ್ಲಿ ಅದೇ ಛಂದದಲ್ಲಿ ಇಸ್ಲಾಮೀ ಸಮುದಾಯದ ಗೀತೆಯನ್ನು ರಚಿಸಿದರು. ಮುಂದೆ ಅವರ ಹೆಸರು ಪಾಕಿಸ್ತಾನದ ಕಲ್ಪನೆಯೊಡನೆ ಬೆಸೆದುಕೊಂಡಿತು. ಆದರೂ 1947ರ ಆಗಸ್ಟ್ 14ರ ಮಧ್ಯರಾತ್ರಿಯ ಅಧಿವೇಶನದಲ್ಲಿ ಸುಚೇತಾ ಕೃಪಲಾನಿಯವರು 'ವಂದೇ ಮಾತರಂ', 'ಜನ ಗಣ ಮನ'ಗಳೊಡನೆ ಇಕ್ಬಾಲರ ಗೀತೆಯನ್ನೂ ಹಾಡಿದರು. ದೇಶ ವಿಭಜನೆಯಾಗುತ್ತಿದ್ದ ಆ ರಾತ್ರಿಯಲ್ಲಿಯೂ ಕವಿಯ ನಂತರದ ರಾಜಕೀಯ ನಿಲುವನ್ನು ಬದಿಗಿಟ್ಟು ಗೀತೆಯನ್ನು ಉಳಿಸಿಕೊಳ್ಳಲಾಯಿತು.

ಬಣ್ಣಗಳಿಂದ ಅರ್ಥವನ್ನು ಕಳಚಿದ್ದು

ಧ್ವಜದ ಚರಿತ್ರೆಯೂ ಇದೇ ದಾರಿಯಲ್ಲಿ ಸಾಗಿದೆ. 1921ರಲ್ಲಿ ಬೆಜವಾಡದಲ್ಲಿ ಪಿಂಗಳಿ ವೆಂಕಯ್ಯನವರು ಗಾಂಧೀಜಿಯವರಿಗೆ ಧ್ವಜದ ಒಂದು ವಿನ್ಯಾಸವನ್ನು ಒಪ್ಪಿಸಿದರು. ಕೆಂಪು ಹಿಂದೂಗಳ, ಹಸಿರು ಮುಸ್ಲಿಮರ, ಗಾಂಧೀಜಿ ಸೇರಿಸಲು ಬಯಸಿದ ಬಿಳಿ ಇತರ ಸಮುದಾಯಗಳ ಸಂಕೇತವೆಂಬ ವಿವರಣೆ ಆಗ ರೂಢಿಗೆ ಬಂತು. ಎಲ್ಲವನ್ನೂ ಆವರಿಸಿ ಚರಕದ ಚಿತ್ರವಿತ್ತು. 1923ರ ನಾಗಪುರದ ಧ್ವಜ ಸತ್ಯಾಗ್ರಹದಲ್ಲಿ ಈ ಬಾವುಟಕ್ಕಾಗಿ ಜನರು ದೇಶದ ನಾನಾ ಭಾಗಗಳಿಂದ ಬಂದು ಸೆರೆಮನೆ ಸೇರಿದರು.

ಆದರೆ ಬಣ್ಣಕ್ಕೊಂದು ಸಮುದಾಯ ಎಂಬ ಲೆಕ್ಕ ಒಡಕಿನ ಬೀಜವನ್ನೂ ಹೊತ್ತಿತ್ತು. 'ಇತರ'ರ ಪಟ್ಟಿಯಲ್ಲಿ ಸೇರಲು ಒಪ್ಪದ ಸಿಖ್ಖರು ತಮಗೂ ಒಂದು ಬಣ್ಣ ಬೇಕೆಂದು ಕೇಳಿದರು. ಇದನ್ನು ಪರಿಶೀಲಿಸಲು 1931ರ ಕರಾಚಿ ಅಧಿವೇಶನದ ವೇಳೆ ಏಳು ಜನರ ಸಮಿತಿ ನೇಮಕವಾಯಿತು. ಸರ್ದಾರ್ ಪಟೇಲ್, ನೆಹರೂ, ಮೌಲಾನಾ ಆಜಾದ್, ಮಾಸ್ಟರ್ ತಾರಾಸಿಂಗ್, ಕಾಕಾ ಕಾಲೇಲ್ಕರ್, ಪಟ್ಟಾಭಿ ಸೀತಾರಾಮಯ್ಯ ಅವರೊಡನೆ ಹುಬ್ಬಳ್ಳಿಯ ಡಾ. ನಾ. ಸು. ಹರ್ಡೀಕರರೂ ಅದರ ಸದಸ್ಯರಾಗಿದ್ದರು. 1923ರಲ್ಲಿ ಹಿಂದೂಸ್ತಾನಿ ಸೇವಾದಳವನ್ನು ಕಟ್ಟಿ ಸ್ವಯಂಸೇವಕರಿಗೆ ಧ್ವಜವಂದನೆಯ ಶಿಸ್ತನ್ನು ಕಲಿಸಿದವರು ಹರ್ಡೀಕರರು. ಸಮಿತಿಯು ಇಡೀ ಧ್ವಜ ಒಂದೇ ಕೇಸರಿ ಬಣ್ಣದ್ದಾಗಿರಲಿ ಎಂದು ಶಿಫಾರಸು ಮಾಡಿತು. ಅಖಿಲ ಭಾರತ ಕಾಂಗ್ರೆಸ್ ಸಮಿತಿ ಅದನ್ನು ಒಪ್ಪಲಿಲ್ಲ. ಅದೇ ವರ್ಷ ಆಗಸ್ಟಿನಲ್ಲಿ ಮುಂಬಯಿಯಲ್ಲಿ ಕೇಸರಿ, ಬಿಳಿ, ಹಸಿರು ಪಟ್ಟಿಗಳ, ನಡುವೆ ನೀಲಿ ಚರಕವಿರುವ ಧ್ವಜ ಅಂಗೀಕಾರವಾಯಿತು. ಜೊತೆಗೆ ಈ ಬಣ್ಣಗಳಿಗೆ ಯಾವ ಮತೀಯ ಅರ್ಥವೂ ಇಲ್ಲವೆಂದು ಸ್ಪಷ್ಟವಾಗಿ ಘೋಷಿಸಲಾಯಿತು. ಹತ್ತು ವರ್ಷಗಳ ಹಿಂದೆ ಪ್ರೀತಿಯಿಂದ ತೊಡಿಸಿದ್ದ ಅರ್ಥವನ್ನು ಪ್ರಯತ್ನಪೂರ್ವಕವಾಗಿ ಕಳಚಿ, ಧೈರ್ಯ, ಶಾಂತಿ, ಶ್ರದ್ಧೆ ಮುಂತಾದ ಗುಣಗಳನ್ನು ಅಲ್ಲಿ ಇರಿಸಲಾಯಿತು.

ಮೈಸೂರಿನಲ್ಲಿ ಎರಡು ಬಾವುಟಗಳು

ದೇಶೀಯ ಸಂಸ್ಥಾನಗಳಲ್ಲಿ ಸಂಕೇತಗಳ ಸಮಸ್ಯೆ ಇನ್ನಷ್ಟು ಜಟಿಲವಾಗಿತ್ತು. ಮೈಸೂರಿಗೆ ತನ್ನದೇ ಗಂಡಭೇರುಂಡ ಲಾಂಛನವಿತ್ತು, ಬಸವಪ್ಪ ಶಾಸ್ತ್ರಿಗಳು ರಚಿಸಿದ 'ಕಾಯೌ ಶ್ರೀಗೌರಿ' ಎಂಬ ಸಂಸ್ಥಾನಗೀತೆಯಿತ್ತು. ಅಲ್ಲಿ ಕಾಂಗ್ರೆಸ್ ಬಾವುಟವನ್ನು ಹಾರಿಸುವುದು ಬ್ರಿಟಿಷರಿಗೆ ಮಾತ್ರವಲ್ಲ, ಪ್ರಜೆಗಳು ಗೌರವಿಸುತ್ತಿದ್ದ ಅರಮನೆಗೂ ವಿರೋಧವೆಂಬ ಭಾವನೆಗೆ ಎಡೆಯಿತ್ತು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ಮೈಸೂರು ಕಾಂಗ್ರೆಸ್ಸಿನ ಪ್ರಥಮ ಅಧಿವೇಶನ ನಡೆದಾಗ ಸರ್ಕಾರ ಧ್ವಜಾರೋಹಣವನ್ನು ನಿಷೇಧಿಸಿತು. ಅಧ್ಯಕ್ಷ ಟಿ. ಸಿದ್ದಲಿಂಗಯ್ಯನವರು ನಿಷೇಧವನ್ನು ಮೀರಿ ಬಂಧನಕ್ಕೊಳಗಾದರು. ಅದೇ ತಿಂಗಳ 25ರಂದು ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಧ್ವಜಾರೋಹಣಕ್ಕೆ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಸತ್ತವರ ವಿಷಯದಲ್ಲಿ ಸರ್ಕಾರದ ಲೆಕ್ಕಕ್ಕಿಂತ ಜನರ ಲೆಕ್ಕ ಬಹಳ ದೊಡ್ಡದು.

ಈ ದುರಂತದ ಬೆನ್ನಲ್ಲೇ ಸರ್ದಾರ್ ಪಟೇಲರೂ ಆಚಾರ್ಯ ಕೃಪಲಾನಿಯವರೂ ಮೈಸೂರಿಗೆ ಬಂದು ದಿವಾನ್ ಸರ್ ಮಿರ್ಜಾ ಇಸ್ಮಾಯಿಲರೊಡನೆ ಮಾತುಕತೆ ನಡೆಸಿದರು. ಮಿರ್ಜಾ–ಪಟೇಲ್ ಒಪ್ಪಂದವೆಂದು ಹೆಸರಾದ ಆ ಸಂಧಾನದಂತೆ ಸಂಸ್ಥಾನದ ಬಾವುಟದೊಡನೆ ಕಾಂಗ್ರೆಸ್ ಬಾವುಟವನ್ನೂ ಹಾರಿಸಬಹುದೆಂದಾಯಿತು. ಒಂದು ನಿಷ್ಠೆಗಾಗಿ ಇನ್ನೊಂದನ್ನು ತೊರೆಯಬೇಕಿಲ್ಲವೆಂಬ ಮಾತು ಕನ್ನಡನಾಡಿನ ರಾಜಕೀಯದಲ್ಲಿ ರಕ್ತದ ಬೆಲೆ ತೆತ್ತು ಪಡೆದ ಪಾಠವಾಗಿದೆ.

ಚರಕದಿಂದ ಚಕ್ರಕ್ಕೆ

1947ರ ಜುಲೈ 22ರಂದು ಸಂವಿಧಾನ ಸಭೆಯಲ್ಲಿ ನೆಹರೂ ರಾಷ್ಟ್ರಧ್ವಜದ ನಿರ್ಣಯವನ್ನು ಮಂಡಿಸಿದರು. ಮೂರು ಬಣ್ಣಗಳು ಉಳಿದವು. ಚರಕದ ಸ್ಥಾನದಲ್ಲಿ ಸಾರನಾಥದ ಅಶೋಕಸ್ತಂಭದ ಚಕ್ರ ಬಂತು. ಚರಕದ ಚಿತ್ರ ಬಾವುಟದ ಒಂದು ಮಗ್ಗುಲಲ್ಲಿ ಸರಿಯಾಗಿ, ಇನ್ನೊಂದು ಮಗ್ಗುಲಲ್ಲಿ ತಿರುವುಮುರುವಾಗಿ ಕಾಣುತ್ತದೆ. ಚಕ್ರ ಎರಡೂ ಕಡೆ ಒಂದೇ ರೀತಿ. ಜೊತೆಗೆ ಒಂದು ಪಕ್ಷದ ಧ್ವಜ ಇಡೀ ರಾಷ್ಟ್ರದ ಧ್ವಜವಾಗಬೇಕಾದರೆ ಎರಡಕ್ಕೂ ನಡುವೆ ಒಂದು ಅಂತರ ಅಗತ್ಯವಾಗಿತ್ತು. ಮುಸ್ಲಿಂ ಲೀಗಿನ ಚೌಧರಿ ಖಲೀಕುಜ್ಜಮಾನರೂ ನಿರ್ಣಯವನ್ನು ಬೆಂಬಲಿಸಿದರು. ಆದರೆ ಚರಕವನ್ನು ಅಹಿಂಸೆಯ ಮತ್ತು ಬಡವನ ದುಡಿಮೆಯ ಸಂಕೇತವೆಂದು ನಂಬಿದ್ದ ಗಾಂಧೀಜಿಯವರಿಗೆ ಈ ಬದಲಾವಣೆ ನೋವುಂಟುಮಾಡಿತು. ಆ ಅಸಮಾಧಾನವನ್ನು ಅವರು ಮುಚ್ಚಿಡಲಿಲ್ಲ.

ಅಶೋಕನ ಚಕ್ರ ಬಹುತೇಕ ವಿವಾದವಿಲ್ಲದೆ ಅಂಗೀಕಾರವಾದುದಕ್ಕೆ ಒಂದು ಐತಿಹಾಸಿಕ ಕಾರಣವನ್ನು ಊಹಿಸಬಹುದು. ಶಿವಾಜಿಯಂತೆ, ಅಕ್ಬರನಂತೆ ಅಶೋಕ ಜನರ ನಾಲಗೆಯ ಮೇಲೆ ಉಳಿದಿದ್ದ ದೊರೆಯಾಗಿರಲಿಲ್ಲ. ಬ್ರಾಹ್ಮೀ ಲಿಪಿಯನ್ನು ಓದುವ ವಿದ್ಯೆಯೇ ಲುಪ್ತವಾಗಿ, 1837ರ ಸುಮಾರಿಗೆ ಜೇಮ್ಸ್ ಪ್ರಿನ್ಸೆಪ್ ಅದನ್ನು ಬಿಡಿಸಿದ ಮೇಲೆ ಶಾಸನಗಳು ಮಾತನಾಡತೊಡಗಿದವು. ಸಾರನಾಥದ ಸಿಂಹಶೀರ್ಷ ದೊರೆತದ್ದು 1904–05ರ ಉತ್ಖನನದಲ್ಲಿ. ಶಾಸನಗಳ ದೇವಾನಾಂಪ್ರಿಯನು ಅಶೋಕನೇ ಎಂಬುದಕ್ಕೆ ನಿಸ್ಸಂದೇಹವಾದ ಆಧಾರ ಸಿಕ್ಕಿದ್ದು 1915ರಲ್ಲಿ, ರಾಯಚೂರು ಜಿಲ್ಲೆಯ ಮಸ್ಕಿಯ ಬಂಡೆಯಲ್ಲಿ. ಕೇವಲ ಮೂರು ದಶಕಗಳ ಹಿಂದೆ ಪೂರ್ಣವಾಗಿ ಗುರುತು ಸಿಕ್ಕಿದ ಈ ದೊರೆಯ ಮೇಲೆ ಯಾವ ಸಮುದಾಯಕ್ಕೂ ಹಳೆಯ ಹಗೆ ಇರಲಿಲ್ಲ, ಯಾವ ಪ್ರಾಂತ್ಯಕ್ಕೂ ವಿಶೇಷ ಹಕ್ಕಿರಲಿಲ್ಲ.

1950ರ ಜನವರಿ 26ರಂದು ರಾಜ್ಯಲಾಂಛನವಾದ ಸಿಂಹಶೀರ್ಷದಲ್ಲಿಯೂ ಬಿಟ್ಟ ಭಾಗಗಳಿವೆ. ಮೂಲಶಿಲ್ಪದಲ್ಲಿ ನಾಲ್ಕು ಸಿಂಹಗಳು ಬೆನ್ನಿಗೆ ಬೆನ್ನು ಕೊಟ್ಟು ನಿಂತಿವೆ. ಲಾಂಛನದಲ್ಲಿ ಕಾಣುವುದು ಮೂರು. ತಳದಲ್ಲಿದ್ದ ಘಂಟಾಕಾರದ ಕಮಲವನ್ನು ಕೈಬಿಟ್ಟಿದೆ. ಸಿಂಹಗಳ ತಲೆಯ ಮೇಲೆ ಒಂದು ಕಾಲದಲ್ಲಿ ನಿಂತಿದ್ದ ದೊಡ್ಡ ಧರ್ಮಚಕ್ರ ಉತ್ಖನನದಲ್ಲಿ ದೊರೆತದ್ದು ಚೂರುಚೂರಾಗಿ. ಬೌದ್ಧ ಶಿಲ್ಪದ ಕೆಳಗೆ ಮುಂಡಕೋಪನಿಷತ್ತಿನಿಂದ ಆಯ್ದ ಘೋಷವಾಕ್ಯವನ್ನು ಇರಿಸಲಾಯಿತು. ಎರಡು ಪರಂಪರೆಗಳು ಹೀಗೆ ಒಂದೇ ಮುದ್ರೆಯಲ್ಲಿ ಸೇರಿದವು.

ಅಶೋಕನ ಹನ್ನೆರಡನೆಯ ಬಂಡೆಶಾಸನ ಈ ಸಂದರ್ಭದಲ್ಲಿ ನೆನಪಾಗುವುದು ಸಹಜ. ತನ್ನ ಪಂಥವನ್ನು ಅತಿಯಾಗಿ ಹೊಗಳಬಾರದು, ಪರಪಂಥವನ್ನು ಅಕಾರಣವಾಗಿ ಹಳಿಯಬಾರದು, ಎಲ್ಲ ಪಂಥಗಳ ಸಾರವೃದ್ಧಿಗೆ ಮೂಲ ವಾಕ್ಸಂಯಮ ಎಂಬುದು ಅದರ ತಾತ್ಪರ್ಯ. ಮಾತಿನ ಈ ಹತೋಟಿಗೆ ಶಾಸನ ಬಳಸುವ ಪ್ರಾಕೃತ ಪದ ಜೈನ ಪರಿಭಾಷೆಯ ವಚನಗುಪ್ತಿಗೆ ಸಮೀಪವಾದುದು. ಆ ಶಾಸನದ ಒಂದು ಪಾಠ ಕಲಬುರಗಿ ಜಿಲ್ಲೆಯ ಸನ್ನತಿಯಲ್ಲಿಯೂ ದೊರೆತಿದೆ. ಚಕ್ರವನ್ನು ಧ್ವಜಕ್ಕೆ ತಂದವರು ಈ ಶಾಸನವನ್ನು ಮನಸ್ಸಿನಲ್ಲಿಟ್ಟುಕೊಂಡಿರಲಿ, ಇಲ್ಲದಿರಲಿ, ಸಂಕೇತಗಳನ್ನು ಆಯ್ದ ಅವರ ರೀತಿಗೆ ಅದಕ್ಕಿಂತ ಒಪ್ಪುವ ವ್ಯಾಖ್ಯಾನ ಮತ್ತೊಂದಿಲ್ಲ.

ಕನ್ನಡದ ಗೀತೆಗಳಲ್ಲಿ ಮರಳಿ ಬಂದದ್ದು

ಕೇಂದ್ರದಲ್ಲಿ ಬಿಟ್ಟದ್ದು ನಾಶವಾಗಲಿಲ್ಲ. ಬೇರೆ ಎಡೆಗಳಲ್ಲಿ ಬೇರೆ ರೂಪದಲ್ಲಿ ಕಾಣಿಸಿಕೊಂಡಿತು. ರಾಷ್ಟ್ರಗೀತೆಯ ಮೊದಲ ಚರಣದಲ್ಲಿ ದಕ್ಷಿಣದ ನಾಡುಗಳೆಲ್ಲ 'ದ್ರಾವಿಡ' ಎಂಬ ಒಂದೇ ಹೆಸರಿನಲ್ಲಿ ಅಡಗಿವೆ. ಕನ್ನಡನಾಡಿನ ಹೆಸರು ಅಲ್ಲಿ ಪ್ರತ್ಯೇಕವಾಗಿ ಬರುವುದಿಲ್ಲ. ಆದರೆ ಗಾಂಧೀಜಿ ಅಧ್ಯಕ್ಷತೆ ವಹಿಸಿದ ಏಕೈಕ ಕಾಂಗ್ರೆಸ್ ಅಧಿವೇಶನ, 1924ರ ಬೆಳಗಾವಿಯ ಅಧಿವೇಶನ, ಹುಯಿಲಗೋಳ ನಾರಾಯಣರಾಯರ 'ಉದಯವಾಗಲಿ ನಮ್ಮ ಚೆಲುವ ಕನ್ನಡ ನಾಡು' ಗೀತೆಯನ್ನು ಕೇಳಿತು. ಅಖಿಲ ಭಾರತದ ವೇದಿಕೆಯಲ್ಲಿ ಆಗಿನ್ನೂ ಹರಿದು ಹಂಚಿಹೋಗಿದ್ದ ನಾಡೊಂದರ ಉದಯವನ್ನು ಹಾರೈಸುವ ಗೀತೆಗೆ ಎಡೆಯಿತ್ತು. ಅದೇ ಸಮಯದಲ್ಲಿ ಅಲ್ಲಿಯೇ ಮೊದಲ ಕರ್ನಾಟಕ ಏಕೀಕರಣ ಸಮ್ಮೇಳನವೂ ನಡೆಯಿತು. ಏಕೀಕರಣದ ಗೀತೆ ರಾಷ್ಟ್ರೀಯತೆಗೆ ಎದುರಾಗಿ ಹುಟ್ಟಲಿಲ್ಲ, ಅದರ ಮಡಿಲಿನಲ್ಲಿಯೇ ಬೆಳೆಯಿತು.

2004ರಲ್ಲಿ ಕರ್ನಾಟಕದ ನಾಡಗೀತೆಯಾದ ಕುವೆಂಪು ಅವರ 'ಜಯ ಭಾರತ ಜನನಿಯ ತನುಜಾತೆ' ಈ ಸಂಬಂಧವನ್ನು ತನ್ನ ಹೆಸರಿನಲ್ಲಿಯೇ ಹೇಳುತ್ತದೆ. ಬಂಕಿಮರಲ್ಲಿ ತಾಯಿ ಒಬ್ಬಳೇ. ಕುವೆಂಪು ಅವರಲ್ಲಿ ಭಾರತ ತಾಯಿ, ಕರ್ನಾಟಕ ಆಕೆಯ ಮಗಳು, ಮಗಳೂ ಕನ್ನಡಿಗರಿಗೆ ತಾಯಿ. ಶಿವಪುರದ ಬಳಿಕ ಒಪ್ಪಂದದ ಮೂಲಕ ಸಾಧಿತವಾದ ಎರಡು ಬಾವುಟಗಳ ಸಹಬಾಳ್ವೆಯನ್ನು ಕಾವ್ಯ ರಕ್ತಸಂಬಂಧವಾಗಿ ಕಂಡಿದೆ. ಇದಕ್ಕಿಂತ ಮುಖ್ಯವಾದ ಇನ್ನೊಂದು ಸಂಗತಿಯಿದೆ. ನಾಡಗೀತೆಯಲ್ಲಿ ಹಿಂದೂ, ಕ್ರೈಸ್ತ, ಮುಸಲ್ಮಾನ, ಪಾರಸಿಕ, ಜೈನ ಎಂದು ಸಮುದಾಯಗಳನ್ನು ಹೆಸರಿಸಿ, ಅವರೆಲ್ಲರ ನೆಲೆಯನ್ನು ಒಂದು ಉದ್ಯಾನವಾಗಿ ಕಲ್ಪಿಸಿದೆ. ಠಾಕೂರರ ಎರಡನೆಯ ಚರಣದ ಪಟ್ಟಿಯೊಡನೆ ಇದನ್ನು ಹೋಲಿಸಿ ನೋಡಬೇಕು. ರಾಷ್ಟ್ರಗೀತೆಯ ಗಾಯನದಿಂದ ಹೊರಗುಳಿದ ಭಾವ ಕರ್ನಾಟಕದ ಶಾಲೆಗಳಲ್ಲಿ ನಾಡಗೀತೆಯ ಮೂಲಕ ಮಕ್ಕಳ ಕಂಠಕ್ಕೆ ಬಂದಿದೆ. ನಾಡಗೀತೆಯೂ ವಿವಾದಗಳಿಂದ ಮುಕ್ತವಾಗಿರಲಿಲ್ಲ. ಯಾರ ಹೆಸರು ಸೇರಬೇಕು, ಎಷ್ಟು ಹೊತ್ತು ಹಾಡಬೇಕು, ಯಾರ ರಾಗಸಂಯೋಜನೆ ಇರಬೇಕು ಎಂಬ ಚರ್ಚೆಗಳು ವರ್ಷಗಟ್ಟಲೆ ನಡೆದು, 2022ರಲ್ಲಿ ಸರ್ಕಾರ ಮೈಸೂರು ಅನಂತಸ್ವಾಮಿಯವರ ಧಾಟಿಯನ್ನೂ ಎರಡೂವರೆ ನಿಮಿಷಗಳ ಅವಧಿಯನ್ನೂ ಗೊತ್ತುಪಡಿಸಿತು.

ಕಾನೂನು ಮತ್ತು ನೂಲು

ಸ್ವಾತಂತ್ರ್ಯಾನಂತರ ಸಂಕೇತಗಳು ಹೋರಾಟದ ಅಂಗಳದಿಂದ ಕಾನೂನಿನ ಅಂಗಳಕ್ಕೆ ಬಂದವು. 1971ರಲ್ಲಿ ರಾಷ್ಟ್ರಗೌರವಕ್ಕೆ ಅಪಮಾನವನ್ನು ತಡೆಯುವ ಅಧಿನಿಯಮ ಜಾರಿಯಾಯಿತು. 1976ರಲ್ಲಿ ಧ್ವಜವನ್ನೂ ರಾಷ್ಟ್ರಗೀತೆಯನ್ನೂ ಗೌರವಿಸುವುದು ಸಂವಿಧಾನದ ಮೂಲಭೂತ ಕರ್ತವ್ಯಗಳಲ್ಲಿ ಸೇರಿತು. ಗೌರವವೆಂದರೆ ಏನು ಎಂಬ ಪ್ರಶ್ನೆ ಕೇರಳದ ಮೂವರು ಶಾಲಾಮಕ್ಕಳ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂತು. ಯೆಹೋವನ ಸಾಕ್ಷಿಗಳ ಪಂಥಕ್ಕೆ ಸೇರಿದ ಆ ಮಕ್ಕಳು ರಾಷ್ಟ್ರಗೀತೆಯ ವೇಳೆ ಎದ್ದು ನಿಲ್ಲುತ್ತಿದ್ದರು, ಹಾಡುತ್ತಿರಲಿಲ್ಲ. ಶಾಲೆಯಿಂದ ಅವರನ್ನು ಹೊರಹಾಕಿದ್ದು ತಪ್ಪೆಂದು 1986ರಲ್ಲಿ ತೀರ್ಪು ಬಂತು. ಮೌನವಾಗಿ ನಿಂತವರಲ್ಲಿಯೂ ಗೌರವ ಇರಬಹುದೆಂಬುದನ್ನು ನ್ಯಾಯಾಲಯ ಒಪ್ಪಿತು. 2005ರಲ್ಲಿ, ಸಿಂಧ್ ಪಾಕಿಸ್ತಾನದಲ್ಲಿರುವುದರಿಂದ ಆ ಹೆಸರನ್ನು ರಾಷ್ಟ್ರಗೀತೆಯಿಂದ ತೆಗೆಯಬೇಕೆಂಬ ಕೋರಿಕೆಯನ್ನು ಅದೇ ನ್ಯಾಯಾಲಯ ತಳ್ಳಿಹಾಕಿತು. 2016ರಲ್ಲಿ ಚಿತ್ರಮಂದಿರಗಳಲ್ಲಿ ರಾಷ್ಟ್ರಗೀತೆಯನ್ನು ಕಡ್ಡಾಯಗೊಳಿಸಿದ ಮಧ್ಯಂತರ ಆದೇಶ 2018ರ ಜನವರಿಯಲ್ಲಿ ಸಡಿಲಗೊಂಡು, ನುಡಿಸುವುದು ಐಚ್ಛಿಕವಾಯಿತು.

ಧ್ವಜದ ವಿಷಯದಲ್ಲಿ ಕಾನೂನು ಬಟ್ಟೆಯನ್ನೂ ಮುಟ್ಟಿದೆ. 1947ರಲ್ಲಿ ಚರಕದ ಚಿತ್ರ ಬಾವುಟದಿಂದ ಇಳಿಯಿತಾದರೂ ಚರಕದ ನೂಲು ಬಾವುಟದಲ್ಲಿ ಉಳಿಯಿತು. ಕೈಯಿಂದ ನೂತು ಕೈಯಿಂದ ನೇಯ್ದ ಖಾದಿಯಲ್ಲಿಯೇ ಧ್ವಜ ಸಿದ್ಧವಾಗಬೇಕೆಂಬ ನಿಯಮ ಗಾಂಧೀಜಿಯ ನೋವಿಗೆ ದೊರೆತ ಮೌನ ಪರಿಹಾರದಂತಿತ್ತು. ಧಾರವಾಡ ಜಿಲ್ಲೆಯ ಗರಗದ ನೇಕಾರರು, ಹುಬ್ಬಳ್ಳಿಯ ಬೆಂಗೇರಿಯಲ್ಲಿರುವ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘದ ಕೆಲಸಗಾರರು ಈ ನಿಯಮವನ್ನು ಜೀವಂತವಾಗಿರಿಸಿದರು. ಭಾರತೀಯ ಮಾನಕ ಸಂಸ್ಥೆಯ ಮಾನ್ಯತೆ ಪಡೆದ ಬೆಂಗೇರಿಯ ಘಟಕದಲ್ಲಿ ಬಾವುಟಗಳನ್ನು ಹೊಲಿಯುವವರಲ್ಲಿ ಬಹುಪಾಲು ಮಹಿಳೆಯರು. 2021ರ ಡಿಸೆಂಬರ್ 30ರ ತಿದ್ದುಪಡಿಯಿಂದ ಯಂತ್ರದಲ್ಲಿ ತಯಾರಾದ ಮತ್ತು ಪಾಲಿಯೆಸ್ಟರ್ ಬಟ್ಟೆಯ ಧ್ವಜಗಳಿಗೂ ಅನುಮತಿ ದೊರೆಯಿತು. ಮರುವರ್ಷ ಮನೆಮನೆಯಲ್ಲಿ ಧ್ವಜ ಹಾರಿಸುವ ಅಭಿಯಾನ ನಡೆದಾಗ ಬಾವುಟ ಅಗ್ಗವಾಗಿ ಎಲ್ಲರ ಕೈಗೆ ಎಟುಕಿತು. ಎಟುಕಿದ್ದು ಒಂದು ಲಾಭವೇ. ಆದರೆ ನೂಲುವವರ, ನೇಯುವವರ ಬೇಡಿಕೆಗೆ ಬಿದ್ದ ಪೆಟ್ಟು ಬೆಂಗೇರಿಯಲ್ಲಿ ಪ್ರತಿಭಟನೆಗೆ ಕಾರಣವಾಯಿತು.

ಬಿಡುವುದರಲ್ಲಿ ಎರಡು ಬಗೆಗಳನ್ನು ಇಲ್ಲಿ ಗುರುತಿಸಬಹುದು. 1931ರಲ್ಲಿ ಬಣ್ಣಗಳ ಮತೀಯ ಅರ್ಥವನ್ನು, 1937ರಲ್ಲಿ ಚರಣಗಳನ್ನು, 1947ರಲ್ಲಿ ಚರಕವನ್ನು ಬಿಟ್ಟವರು ತಮಗೆ ಪ್ರಿಯವಾದುದನ್ನೇ ಬಿಟ್ಟರು. ಜೊತೆಯಲ್ಲಿರುವವನಿಗೆ ಸ್ಥಳವಾಗಲಿ ಎಂಬ 'ಕಾರಣಕ್ಕೆ ಬಿಟ್ಟರು. ನೋವು ತಮ್ಮದೆಂದು ಒಪ್ಪಿಕೊಂಡರು. ದುರ್ಬಲನಾದ ಇನ್ನೊಬ್ಬನ ಪಾಲನ್ನು ಅನುಕೂಲಕ್ಕಾಗಿ ಬಿಡುವುದು ಬೇರೆಯೇ ಬಗೆ. ಮೊದಲನೆಯದರಿಂದ ಸಂಕೇತ ಬಲಗೊಳ್ಳುತ್ತದೆ, ಎರಡನೆಯದರಿಂದ ಅದು ಬಡವಾಗುತ್ತದೆ. ಬಿಟ್ಟ ಚರಣಗಳನ್ನು ಓದುವುದೂ ಅಭ್ಯಾಸ ಮಾಡುವುದೂ ಸಾಹಿತ್ಯದ ವಿದ್ಯಾರ್ಥಿಗಳ ಹಕ್ಕು ಮತ್ತು ಕರ್ತವ್ಯ. ಕಾವ್ಯವಾಗಿ ಅವು ಎಂದೂ ನಿಷಿದ್ಧವಾಗಿರಲಿಲ್ಲ. ಅವನ್ನು ಒಲ್ಲದವನಿಂದ ಬಲವಂತವಾಗಿ ಹಾಡಿಸಿದರೆ, 1950ರ ಜನವರಿ 24ರಂದು ಮತ ಎಣಿಸದೆ ಸಂವಿಧಾನ ಸಭೆ ಕಾಪಾಡಿಕೊಂಡದ್ದು ಕೈತಪ್ಪಿ ಹೋಗುತ್ತದೆ.